ನರ ಅಂದರೆ ಯಾವ ನರ? ಮಣಿಕಟ್ಟು ಮತ್ತು ಕಾಲ್ಗಿಣ್ಣಿನ ಪಟ್ಟಿಗಳ ದೋಷ ಪತ್ತೆ

ಮಣಿಕಟ್ಟು ಅಥವಾ ಕಾಲ್ಗಿಣ್ಣಿನ ತೊಂದರೆ ಹೇಳಿಕೊಂಡು ಬರುವವರ ಬಾಯಲ್ಲಿ ಮೊದಲು ಬರುವ ಮಾತು ‘ನರ’. ನರ ಹಿಡಿದಿದೆ, ನರ ಹೊರಳಿದೆ, ನರದ ಮೇಲೆ ನರ ಕೂತಿದೆ. ಆಡುಮಾತಿನಲ್ಲಿ ಈ ಒಂದು ಪದ ಮೂರು ವಸ್ತುಗಳ ಕೆಲಸ ಮಾಡುತ್ತದೆ. ಮುಂಗೈ ಮೇಲೆ ಎದ್ದು ಕಾಣುವ ಹಸಿರು ಗೆರೆ ರಕ್ತನಾಳ, ಅದೂ ನರ. ಹೆಬ್ಬೆರಳು ಎತ್ತಿದಾಗ ಹುರಿಯಂತೆ ಸೆಟೆಯುವುದು ಸ್ನಾಯುವನ್ನು ಮೂಳೆಗೆ ಕಟ್ಟುವ ರಜ್ಜು, ಅದೂ ನರ. ಜೋಮು ಹಿಡಿಸುವುದಂತೂ ನಿಜವಾದ ನರವೇ. ದೋಷ ಹುಡುಕುವವರು ಮೊದಲು ಬಿಡಿಸಬೇಕಾದ ಗಂಟು ಇದು. ಬಿಡಿಸಿ ನೋಡಿದರೆ ಎಷ್ಟೋ ಸಲ ಕೆಟ್ಟಿರುವುದು ಈ ಮೂರರಲ್ಲಿ ಯಾವುದೂ ಅಲ್ಲ. ಅವನ್ನು ಮೂಳೆಗೆ ಒತ್ತಿ ಹಿಡಿದಿರುವ ನಾರಿನ ಪಟ್ಟಿ.

ಆ ಪಟ್ಟಿಯ ಹೆಸರು ರೆಟಿನಾಕ್ಯುಲಮ್. ಕೈಕಾಲಿನ ಸ್ನಾಯುಗಳನ್ನು ಫ್ಯಾಸಿಯಾ ಎಂಬ ಪೊರೆ ಸುತ್ತಿರುತ್ತದೆ. ಕೀಲು ಬಂದಲ್ಲಿ ಅದೇ ಪೊರೆ ದಪ್ಪಗಾಗಿ, ಅಡ್ಡ ನಾರುಗಳನ್ನು ಬೆಳೆಸಿಕೊಂಡು, ಅಕ್ಕಪಕ್ಕದ ಮೂಳೆಗಳಿಗೆ ಬೇರು ಬಿಡುತ್ತದೆ. ಸೈಕಲ್ ಬ್ರೇಕಿನ ಕೇಬಲನ್ನು ಫ್ರೇಮಿಗೆ ಹಿಡಿದಿಡುವ ಕ್ಲಿಪ್ ನೆನಪಿಸಿಕೊಳ್ಳಿ. ಕ್ಲಿಪ್ ಕಳಚಿದರೆ ಎಳೆದಾಗ ಕೇಬಲ್ ಬಿಲ್ಲಿನ ಹೆದೆಯಂತೆ ಎದ್ದು ನಿಲ್ಲುತ್ತದೆ; ಕ್ಲಿಪ್ಪನ್ನು ಅತಿಯಾಗಿ ಬಿಗಿದರೆ ಕೇಬಲ್ ಸರಿಯುವುದೇ ಇಲ್ಲ. ಪಟ್ಟಿಯ ಒಳಮೈ ನುಣುಪು, ಹೈಯಲುರಾನಿಕ್ ಆಮ್ಲದ ಜಾರುಪದರ ಅಲ್ಲಿರುತ್ತದೆ. ನಡುಪದರದ ಕೊಲಾಜನ್ ನಾರುಗಳು ಬಲ ಕೊಡುತ್ತವೆ.

ಹಾಗಾಗಿ ಮುಟ್ಟುವ ಮುಂಚೆ ಒಂದು ಪ್ರಶ್ನೆ ಕೇಳಿ: ಆಗುವುದು ಜೋಮೋ, ಉಜ್ಜಿದಂತೆ ನೋವೋ, ‘ಟಕ್’ ಎಂಬ ಸದ್ದೋ? ಜೋಮು ಅಂದರೆ ಪಟ್ಟಿಯ ಕೆಳಗೆ ನರ ಇಕ್ಕಟ್ಟಿಗೆ ಸಿಕ್ಕಿದೆ. ಉಜ್ಜುವ ನೋವು ಅಂದರೆ ದಪ್ಪವಾದ ಪಟ್ಟಿಯ ಕೆಳಗೆ ರಜ್ಜು ಜಾರುತ್ತಿಲ್ಲ. ಟಕ್ ಅಂದರೆ ಪಟ್ಟಿ ಹರಿದಿದೆ ಅಥವಾ ಸಡಿಲವಾಗಿದೆ, ರಜ್ಜು ತನ್ನ ಕಾಲುವೆ ಬಿಟ್ಟು ಹೊರಬರುತ್ತಿದೆ. ಎರಡು ಲಕ್ಷಣ ಕೂಡಿಬರುವುದೂ ಉಂಟು. ಆಗ ಮೊದಲು ಶುರುವಾದದ್ದನ್ನು ನಂಬಿ.

ಅಂಗೈ ಬದಿ: ರಾತ್ರಿ ಎಬ್ಬಿಸುವ ಜೋಮು

ಇಲ್ಲಿ ಎಲ್ಲರೂ ಮಾಡುವ ತಪ್ಪು ಜಾಗದ್ದು. ‘ಕಾರ್ಪಲ್ ಟನಲ್’, ಅಂದರೆ ಮಣಿಕಟ್ಟಿನ ಸುರಂಗ, ಅಂದ ಕೂಡಲೇ ವಾಚಿನ ಪಟ್ಟಿ ಕೂರುವ ಜಾಗವನ್ನು ಒತ್ತಿ ನೋಡುತ್ತಾರೆ. ಮಣಿಕಟ್ಟಿನ ಎರಡು ಗೆರೆಗಳಲ್ಲಿ ಅಂಗೈಗೆ ಹತ್ತಿರದ ಗೆರೆ ಇದೆಯಲ್ಲ, ಪಟ್ಟಿ ಆರಂಭವಾಗುವುದೇ ಅಲ್ಲಿಂದ. ಅದು ಅಂಗೈಯ ಬುಡದಲ್ಲಿ, ಹೆಚ್ಚುಕಡಿಮೆ ಅಂಚೆಚೀಟಿಯಷ್ಟು ಅಗಲಕ್ಕೆ ಹರಡಿರುತ್ತದೆ. ಕಿರುಬೆರಳ ಬದಿಯಲ್ಲಿ ಪಿಸಿಫಾರ್ಮ್ ಎಂಬ ಬಟಾಣಿಯಂಥ ಮೂಳೆಗೂ ಹ್ಯಾಮೇಟ್ ಮೂಳೆಯ ಕೊಕ್ಕೆಗೂ, ಹೆಬ್ಬೆರಳ ಬದಿಯಲ್ಲಿ ಸ್ಕ್ಯಾಫಾಯ್ಡ್ ಮತ್ತು ಟ್ರೆಪೀಜಿಯಂ ಮೂಳೆಗಳ ಉಬ್ಬುಗಳಿಗೂ ಅಂಟಿಕೊಂಡಿದೆ. ನಾಲ್ಕು ಕಂಬದ ಚಪ್ಪರ ಅನ್ನಿ. ಚಪ್ಪರದ ಕೆಳಗಿನ ಈ ಸುರಂಗದಲ್ಲಿ ಬೆರಳು ಮಡಿಸುವ ಒಂಬತ್ತು ರಜ್ಜುಗಳು ಮತ್ತು ಹೆಬ್ಬೆರಳಿನಿಂದ ಉಂಗುರಬೆರಳ ಅರ್ಧದವರೆಗೆ ಸ್ಪರ್ಶ ಕೊಡುವ ಮೀಡಿಯನ್ ನರ. ರಜ್ಜುಗಳ ಪೊರೆ ಊದಿಕೊಂಡರೆ ಮೂಳೆ ಬಗ್ಗದು, ಪಟ್ಟಿ ಹಿಗ್ಗದು, ಸೋಲುವುದು ನರ.

ರೋಗಿ ಹೇಳುವ ಮಾತು ಹೆಚ್ಚಾಗಿ ಹೀಗಿರುತ್ತದೆ: ರಾತ್ರಿ ಎರಡು ಗಂಟೆಗೆ ಎಚ್ಚರವಾಗುತ್ತದೆ, ಕೈ ಕೊಡವಿದರೆ ಸರಿಹೋಗುತ್ತದೆ. ಈ ಕೊಡವುವ ಮಾತು ಬಂದರೆ ಅರ್ಧ ಉತ್ತರ ಸಿಕ್ಕಿತು. ಉಳಿದರ್ಧಕ್ಕೆ ಉಂಗುರಬೆರಳು ಸಾಕು. ಹತ್ತಿಯ ಎಳೆ ತೆಗೆದುಕೊಂಡು ಉಂಗುರಬೆರಳಿನ ಎರಡೂ ಬದಿಗೆ ಸವರಿ. ನಡುಬೆರಳಿನ ಕಡೆಯ ಬದಿ ಮಂಕು, ಕಿರುಬೆರಳಿನ ಕಡೆಯ ಬದಿ ಚುರುಕು ಇದ್ದರೆ ದೋಷ ಮೀಡಿಯನ್ ನರದ್ದು. ಕುತ್ತಿಗೆಯಲ್ಲಿ ನರದ ಬೇರು ಒತ್ತಿಕೊಂಡಾಗ ಸಾಮಾನ್ಯವಾಗಿ ಬೆರಳು ಹೀಗೆ ಉದ್ದಕ್ಕೆ ಇಬ್ಭಾಗವಾಗುವುದಿಲ್ಲ. ಕಿರುಬೆರಳೇ ಜೋಮು ಹಿಡಿದರೆ ಈ ಪಟ್ಟಿಯನ್ನು ಬಿಟ್ಟುಬಿಡಿ: ಕಿರುಬೆರಳಿಗೆ ಸ್ಪರ್ಶ ಕೊಡುವ ಅಲ್ನಾರ್ ನರ ಹೋಗುವುದು ಈ ಪಟ್ಟಿಯ ಮೇಲಿಂದ, ಗಿಯಾನ್ ಎಂಬ ಬೇರೆ ಕಾಲುವೆಯಲ್ಲಿ. ಐದೂ ಬೆರಳು, ಜೊತೆಗೆ ಎರಡೂ ಪಾದ ಜೋಮಾದರೆ ಸಕ್ಕರೆ ಪರೀಕ್ಷೆ ಮೊದಲಾಗಲಿ.

ಇನ್ನೊಂದು ಸೂಕ್ಷ್ಮ. ಹೆಬ್ಬೆರಳ ಬುಡದ ದಿಬ್ಬದ ಚರ್ಮಕ್ಕೆ ಹೋಗುವ ನರದ ಕವಲು ಸುರಂಗ ಸಿಗುವ ಮುಂಚೆಯೇ ಬೇರೆಯಾಗಿ ಪಟ್ಟಿಯ ಮೇಲಿಂದ ಹಾದುಹೋಗುತ್ತದೆ. ಬೆರಳುಗಳು ಮಂಕಾಗಿ ಆ ದಿಬ್ಬ ಚುರುಕಾಗಿದ್ದರೆ ಅಡಚಣೆ ಸುರಂಗದಲ್ಲೇ ಇದೆ. ದಿಬ್ಬವೂ ಮಂಕಾಗಿದ್ದರೆ ಮುಂಗೈಯಲ್ಲೋ ಅದಕ್ಕೂ ಮೇಲೋ ಹುಡುಕಿ.

ಪರೀಕ್ಷೆಗಳಲ್ಲಿ ನಾವು ಹೆಚ್ಚು ನೆಚ್ಚುವುದು ಡರ್ಕನ್ ಒತ್ತುಪರೀಕ್ಷೆ. ಅಂಗೈಗೆ ಹತ್ತಿರದ ಗೆರೆಯ ಮುಂದೆ, ಹೆಬ್ಬೆರಳ ಮತ್ತು ಕಿರುಬೆರಳ ಬದಿಯ ದಿಬ್ಬಗಳ ನಡುವಿನ ತಗ್ಗಿನಲ್ಲಿ ಹೆಬ್ಬೆರಳಿಟ್ಟು 30 ಸೆಕೆಂಡು ಒತ್ತಿಹಿಡಿಯಿರಿ. ಮಣಿಕಟ್ಟನ್ನು 60 ಸೆಕೆಂಡು ಮಡಿಸಿಡುವ ಫೇಲೆನ್ ಪರೀಕ್ಷೆಯೂ ಸರಿ, ಆದರೆ ಮಣಿಕಟ್ಟಿನ ಕೀಲುನೋವು ಇರುವವರು ಮಡಿಸಿದ ಮಾತ್ರಕ್ಕೆ ‘ನೋವು’ ಅನ್ನುತ್ತಾರೆ. ನೋವು ಲೆಕ್ಕಕ್ಕಿಲ್ಲ, ಜೋಮು ಬಂದರೆ ಮಾತ್ರ ಹೌದು. ಕೊನೆಗೆ ಅಂಗೈ ಮೇಲಾಗಿ ಮೇಜಿನ ಮೇಲಿಟ್ಟು ಹೆಬ್ಬೆರಳನ್ನು ಸೂರಿನ ಕಡೆ ಎತ್ತಿಸಿ, ನೀವು ಕೆಳಕ್ಕೆ ಒತ್ತಿ. ನಿಲ್ಲಲಾರದೆ ಬಿದ್ದರೆ, ಅಥವಾ ದಿಬ್ಬ ಬತ್ತಿ ಚಪ್ಪಟೆಯಾಗಿದ್ದರೆ, ಸ್ಪ್ಲಿಂಟ್ (ಕೀಲು ಅಲುಗದಂತೆ ಹಿಡಿಯುವ ಆಸರೆ) ಕಟ್ಟಿ ಕಾಯುವ ಕಾಲ ಮುಗಿದಿದೆ. ನರವಾಹಕ ಪರೀಕ್ಷೆ ಮಾಡಿಸಿ ಶಸ್ತ್ರವೈದ್ಯರ ಬಳಿ ಕಳಿಸಬೇಕು.

ಅಷ್ಟು ಮುಂದುವರಿಯದವರಿಗೆ ರಾತ್ರಿ ಸ್ಪ್ಲಿಂಟ್, ಕನಿಷ್ಠ 6 ವಾರ. ಇದು ಫಲ ಕೊಡಲಿಲ್ಲ ಎಂಬ ದೂರಿನ ಹಿಂದೆ ಒಂದು ಸಣ್ಣ ಕಾರಣ ಇರುವುದುಂಟು: ಅಂಗಡಿಯಲ್ಲಿ ಸಿಗುವ ಸ್ಪ್ಲಿಂಟಿನೊಳಗಿನ ಲೋಹದ ಪಟ್ಟಿ ಮಣಿಕಟ್ಟನ್ನು ಹಿಂದಕ್ಕೆ ಬಾಗಿಸುವಂತೆ ಇರುತ್ತದೆ. ಸುರಂಗದೊಳಗಿನ ಒತ್ತಡ ಕಡಿಮೆ ಇರುವುದು ಮಣಿಕಟ್ಟು ನೆಟ್ಟಗಿರುವಾಗ. ಲೋಹವನ್ನು ಹೊರಗೆಳೆದು, ಮೊಣಕಾಲಿಗೆ ಒತ್ತಿ ನೇರ ಮಾಡಿ, ಮತ್ತೆ ತೂರಿಸಿ. ಥೈರಾಯ್ಡ್ ಕೊರತೆ, ಮಧುಮೇಹ, ಸಂಧಿವಾತ, ಗರ್ಭಾವಸ್ಥೆ ಇವೆಯೇ ಎಂದೂ ಕೇಳಿ. ಗರ್ಭಿಣಿಯರಲ್ಲಿ ಹೆರಿಗೆಯ ನಂತರ ತಾನಾಗಿ ಇಳಿಯುವುದೇ ಹೆಚ್ಚು.

ಈ ಜಾಗದಲ್ಲಿ ಊತ ಕಂಡರೆ ಸೂಜಿ ಹಿಡಿಯುವ ಮುಂಚೆ ತಡೆಯಿರಿ. ಅಂಗೈಯಲ್ಲೊಂದು, ಮಣಿಕಟ್ಟಿನ ಮೇಲೊಂದು ಉಬ್ಬಿದ್ದು, ನಡುವೆ ಪಟ್ಟಿ ಬಿಗಿದು ಡಮರುಗದ ಸೊಂಟದಂತೆ ಕಾಣುವ ಊತ. ಒಂದನ್ನು ಒತ್ತಿದರೆ ಇನ್ನೊಂದು ಏಳುತ್ತದೆ. ಇದು ರಜ್ಜುಪೊರೆಯ ಕ್ಷಯ ಇರಬಹುದು. ನಮ್ಮ ದೇಶದಲ್ಲಿ ಇದನ್ನು ಮರೆಯುವಂತಿಲ್ಲ. ಕಾರ್ಪಲ್ ಟನಲ್ ಎಂದುಕೊಂಡು ಅಲ್ಲಿಗೆ ಸ್ಟೀರಾಯ್ಡ್ ಚುಚ್ಚಿದರೆ ಸೋಂಕಿಗೆ ಗೊಬ್ಬರ ಹಾಕಿದಂತೆ.

ಮಣಿಕಟ್ಟಿನ ಹಿಂಬದಿ: ಆರು ಕೋಣೆಗಳ ಮನೆ

ಹಿಂಬದಿಯ ಪಟ್ಟಿ ರೇಡಿಯಸ್ (ಮುಂಗೈಯಲ್ಲಿ ಹೆಬ್ಬೆರಳ ಬದಿಯ ಮೂಳೆ) ಮೂಳೆಯ ಹೊರ ಅಂಚಿನಿಂದ ಓರೆಯಾಗಿ ಹೊರಟು ಕಿರುಬೆರಳ ಬದಿಯ ಟ್ರೈಕ್ವೆಟ್ರಂ ಮತ್ತು ಪಿಸಿಫಾರ್ಮ್ ಮೂಳೆಗಳಿಗೆ ಸೇರುತ್ತದೆ. ಮುಂಗೈಯಲ್ಲಿ ಕಿರುಬೆರಳ ಬದಿಯ ಅಲ್ನಾ ಮೂಳೆಯನ್ನು ಅದು ಹಿಡಿದುಕೊಂಡಿಲ್ಲ; ಹಿಡಿದಿದ್ದರೆ ಅಂಗೈಯನ್ನು ಮೇಲೆ ಕೆಳಗೆ ತಿರುಗಿಸುವುದೇ ಆಗುತ್ತಿರಲಿಲ್ಲ. ಪಟ್ಟಿಯಿಂದ ಮೂಳೆಗೆ ಇಳಿಯುವ ಗೋಡೆಗಳು ಆರು ಕೋಣೆ ಮಾಡಿವೆ. ಹೆಬ್ಬೆರಳ ಬದಿಯಿಂದ ಎಣಿಸಿ. ಗುರುತುಗಲ್ಲು ಬೇಕಿದ್ದರೆ ಮಣಿಕಟ್ಟಿನ ಹಿಂಬದಿ, ನಡುಬೆರಳಿಗೆ ಹೆಚ್ಚುಕಡಿಮೆ ನೇರದಲ್ಲಿ ಕೈಗೆ ಸಿಗುವ ಲಿಸ್ಟರ್ ಉಬ್ಬು; ಅದರ ಹೆಬ್ಬೆರಳ ಕಡೆಗೆ ಎರಡನೆಯ ಕೋಣೆ, ಕಿರುಬೆರಳ ಕಡೆಗೆ ಮೂರನೆಯದು.

ಮೊದಲ ಕೋಣೆಯೇ ಹೆಚ್ಚು ಕೆಡುವುದು. ಹೆಬ್ಬೆರಳನ್ನು ಅಗಲಿಸುವ ಎರಡು ರಜ್ಜುಗಳು ಅಲ್ಲಿವೆ. 1895ರಲ್ಲಿ ಸ್ವಿಸ್ ಶಸ್ತ್ರವೈದ್ಯ ಫ್ರಿಟ್ಜ್ ದ ಕರ್ವೆನ್ ಇದನ್ನು ವಿವರಿಸಿದ ಕಾರಣ ರೋಗಕ್ಕೂ ಅದೇ ಹೆಸರು. ಉರಿಯೂತ ಎಂದು ಕರೆಯುತ್ತಾರಾದರೂ ಸೂಕ್ಷ್ಮದರ್ಶಕದಲ್ಲಿ ಹೆಚ್ಚಾಗಿ ಕಾಣುವುದು ಪಟ್ಟಿ ಸವೆದು ಲೋಳೆಗಟ್ಟಿ ದಪ್ಪವಾದದ್ದು. ಕೂಸನ್ನು ಕಂಕುಳಿಗೆ ಕೈಹಾಕಿ, ಹೆಬ್ಬೆರಳು ಅಗಲಿಸಿ ದಿನಕ್ಕೆ ಹತ್ತಾರು ಸಲ ಎತ್ತುವ ಬಾಣಂತಿಯರಲ್ಲಿ, ಅಜ್ಜಿಯರಲ್ಲಿ ಇದು ಮಾಮೂಲು. ಬಟ್ಟೆ ಹಿಂಡುವುದು, ಕೋಲು ಹಿಡಿದು ಮುದ್ದೆ ತಿರುವುವುದು ನೋವನ್ನು ಕೆರಳಿಸುತ್ತವೆ.

ಪರೀಕ್ಷೆಯ ಬಗ್ಗೆ ಒಂದು ತಕರಾರು. ಹೆಬ್ಬೆರಳನ್ನು ಮುಷ್ಟಿಯೊಳಗೆ ಮುಚ್ಚಿ ಕೈಯನ್ನು ಕಿರುಬೆರಳ ಕಡೆ ಬಾಗಿಸುವುದನ್ನು ಎಲ್ಲರೂ ಫಿಂಕೆಲ್‌ಸ್ಟೈನ್ ಪರೀಕ್ಷೆ ಎನ್ನುತ್ತಾರೆ. ಅದು ಐಕ್‌ಹಾಫ್ ಪರೀಕ್ಷೆ, ಮತ್ತು ಏನೂ ಇಲ್ಲದವರಿಗೂ ಅದು ನೋಯುತ್ತದೆ. ಈಗಲೇ ನಿಮ್ಮ ಕೈಯಲ್ಲೇ ಜೋರಾಗಿ ಮಾಡಿ ನೋಡಿ. ಫಿಂಕೆಲ್‌ಸ್ಟೈನ್ 1930ರಲ್ಲಿ ಹೇಳಿದ್ದು, ಪರೀಕ್ಷಿಸುವವರು ರೋಗಿಯ ಹೆಬ್ಬೆರಳು ಹಿಡಿದು ಕೈಯನ್ನು ಕಿರುಬೆರಳ ಬದಿಗೆ ಎಳೆಯುವುದು. ಎರಡು ಕೈಗಳನ್ನೂ ಹೋಲಿಸಿ. ನೋವು ಬೆರಳ ತುದಿಯಷ್ಟು ಜಾಗದಲ್ಲಿ, ರೇಡಿಯಸ್ ಮೂಳೆಯ ಮೊನೆಯ ಮೇಲೆಯೇ ಇರಬೇಕು.

ಬೆರಳು ಒಂದಿಂಚು ಅತ್ತಿತ್ತ ಸರಿದರೆ ರೋಗವೇ ಬೇರೆ. ಮೊನೆಯಿಂದ ಕೆಳಗೆ, ಹೆಬ್ಬೆರಳ ಬುಡದ ಕೀಲನ್ನು ಒತ್ತಿ ತಿರುಗಿಸಿದಾಗ ನೋವಾದರೆ ಕೀಲು ಸವೆತ. ಬಿದ್ದ ಇತಿಹಾಸವಿದ್ದು ಹೆಬ್ಬೆರಳ ಹಿಂದಿನ ತಗ್ಗು ನೋಯುತ್ತಿದ್ದರೆ ಸ್ಕ್ಯಾಫಾಯ್ಡ್ ಮುರಿತ. ಮೊದಲ ದಿನದ ಎಕ್ಸ್‌ರೇಯಲ್ಲಿ ಕಾಣದೆ ಹೋಗಬಹುದು, ಕಟ್ಟುಹಾಕಿ 10–14 ದಿನಕ್ಕೆ ಮತ್ತೆ ತೆಗೆಸಬೇಕು. ಮಣಿಕಟ್ಟಿನಿಂದ ನಾಲ್ಕೈದು ಸೆಂಟಿಮೀಟರ್ ಮೇಲೆ, ಹಸಿ ಚರ್ಮ ಉಜ್ಜಿದಂತೆ ಕಿರ್ ಕಿರ್ ಅಂದರೆ ಅದು ಒಂದನೆಯ ಕೋಣೆಯ ಸ್ನಾಯುಗಳು ಎರಡನೆಯದರ ರಜ್ಜುಗಳನ್ನು ದಾಟುವ ಜಾಗ. ನೋವಿಲ್ಲ, ಹೆಬ್ಬೆರಳ ಹಿಂಬದಿ ಬರೀ ಚುಮುಚುಮು ಎಂದರೆ ಬಿಗಿಯಾದ ಬಳೆಯನ್ನೋ ವಾಚನ್ನೋ ತೆಗೆಸಿ. ಅಲ್ಲಿ ಚರ್ಮದ ನರ ಪಟ್ಟಿಯ ಮೇಲೆಯೇ ಹಾದಿದೆ.

ಚಿಕಿತ್ಸೆ ಎಡವುವುದು ಎರಡು ಕಡೆ. ಹೆಬ್ಬೆರಳನ್ನೂ ಹಿಡಿಯುವ ಸ್ಪ್ಲಿಂಟ್ ಬೇಕು, ಬರೀ ಮಣಿಕಟ್ಟಿನದು ಸಾಲದು. ಸ್ಟೀರಾಯ್ಡ್ ಇಂಜೆಕ್ಷನ್ ಹೆಚ್ಚಿನವರಿಗೆ ಫಲ ಕೊಡುತ್ತದೆ. ಕೊಡದಿದ್ದರೆ ಕೋಣೆಯೊಳಗೊಂದು ಅಡ್ಡಗೋಡೆ ಇದೆಯೇ ನೋಡಿ: ಬಹಳ ಜನರಲ್ಲಿ ಇರುತ್ತದೆ, ಔಷಧ ಒಂದು ರಜ್ಜುವಿನ ಸುತ್ತ ನಿಂತು ಇನ್ನೊಂದು ಹಾಗೇ ಉಳಿಯುತ್ತದೆ. ಅಲ್ಟ್ರಾಸೌಂಡ್ ನೋಡಿಕೊಂಡು ಚುಚ್ಚಿದರೆ ಈ ತಪ್ಪು ತಪ್ಪುತ್ತದೆ. ಚರ್ಮದಡಿ ಔಷಧ ಸೋರಿದರೆ ಬಿಳಿ ಕಲೆ ಬೀಳುತ್ತದೆ, ನಮ್ಮ ಮೈಬಣ್ಣಕ್ಕೆ ಎದ್ದು ಕಾಣುತ್ತದೆ, ಮೊದಲೇ ಹೇಳಿಬಿಡಿ. ಶಸ್ತ್ರಚಿಕಿತ್ಸೆಯಲ್ಲಿ ಪಟ್ಟಿಯನ್ನು ಹಿಂಬದಿಯ ಅಂಚಿನಲ್ಲಿ ಸೀಳುತ್ತಾರೆ. ಮುಂಬದಿಯಲ್ಲಿ ಸೀಳಿದರೆ ರಜ್ಜುಗಳು ಅಂಗೈ ಕಡೆಗೆ ಜಾರತೊಡಗುತ್ತವೆ, ಬಿಗಿತ ಹೋಗಿ ಟಕ್ ಬರುತ್ತದೆ. ಬಾಣಂತಿಗೆ ಹೇಳಬೇಕಾದ್ದು: ಅಂಗೈ ಮೇಲಾಗಿ, ಹೆಬ್ಬೆರಳು ಸೇರಿಸಿ, ಮೊರ ಎತ್ತಿದ ಹಾಗೆ ಮಗುವನ್ನು ಎತ್ತು.

ಮೂರನೆಯ ಕೋಣೆಯ ದೋಷ ವಿಚಿತ್ರವಾದದ್ದು. ಹೆಬ್ಬೆರಳ ಉದ್ದನೆಯ ರಜ್ಜು ಲಿಸ್ಟರ್ ಉಬ್ಬನ್ನು ರಾಟೆ ಮಾಡಿಕೊಂಡು ತಿರುಗುತ್ತದೆ. ಕೈಯೂರಿ ಬಿದ್ದು ರೇಡಿಯಸ್ ಬಿರುಕುಬಿಟ್ಟಿರುತ್ತದೆ, ಮೂಳೆ ಸರಿದಿರುವುದಿಲ್ಲ, ಎಲ್ಲ ಸಲೀಸು ಅನ್ನಿಸುತ್ತದೆ. ಕೆಲವು ವಾರಗಳಾದ ಮೇಲೆ ಒಂದು ದಿನ ಹೆಬ್ಬೆರಳು ಮೇಲೇಳುವುದಿಲ್ಲ. ಮೂಳೆ ಸರಿದ ಮುರಿತದಲ್ಲಿ ಪಟ್ಟಿಯೂ ಹರಿದು ಜಾಗ ಬಿಡುತ್ತದೆ. ಸರಿಯದ ಮುರಿತದಲ್ಲಿ ಗಟ್ಟಿಯಾಗಿ ಉಳಿದ ಪಟ್ಟಿಯ ಕೆಳಗೆ ರಕ್ತ ತುಂಬಿ, ರಜ್ಜುವಿಗೆ ಪೋಷಣೆ ತಪ್ಪಿ, ಅದು ಸವೆದು ತುಂಡಾಗುತ್ತದೆ ಎಂಬುದು ಒಪ್ಪಿತ ವಿವರಣೆ. ಅಂಗೈಯನ್ನು ಮೇಜಿಗೆ ಚಪ್ಪಟೆ ಇಡಿಸಿ ಹೆಬ್ಬೆರಳೊಂದನ್ನೇ ಮೇಲೆತ್ತಲು ಹೇಳಿ. ಎತ್ತಲಾಗದಿದ್ದರೆ ವ್ಯಾಯಾಮದಿಂದ ಬರುವುದಿಲ್ಲ. ತುದಿಗಳು ನಾರುನಾರಾಗಿರುವುದರಿಂದ ನೇರ ಹೊಲಿಯಲೂ ಆಗದು. ತೋರುಬೆರಳಿಗಿರುವ ಎರಡು ರಜ್ಜುಗಳಲ್ಲಿ ಒಂದನ್ನು ಇತ್ತ ತಿರುಗಿಸಿ ಜೋಡಿಸುತ್ತಾರೆ.

ನಾಲ್ಕು, ಐದನೆಯ ಕೋಣೆಗಳು ಸಾಧು. ಆರನೆಯದರಲ್ಲಿ ಟೆನಿಸ್, ಗಾಲ್ಫ್ ಆಡುವವರಿಗೆ ಟಕ್ ಬರಬಹುದು. ಅಂಗೈ ಮೇಲೆ ಮಾಡಿ, ಮಣಿಕಟ್ಟು ಮಡಿಸಿ, ಕಿರುಬೆರಳ ಕಡೆ ಬಾಗಿಸಿದಾಗ ಅಲ್ನಾದ ತಲೆಯ ಮೇಲಿಂದ ರಜ್ಜು ಜಿಗಿಯುತ್ತದೆ. ಮೇಲಿನ ದೊಡ್ಡ ಪಟ್ಟಿ ಇಲ್ಲಿ ನಿರಪರಾಧಿ. ಅದರಡಿ ಈ ರಜ್ಜುವಿಗೆಂದೇ ಇರುವ ಕಿರು ಪೊರೆ ಹರಿದಿರುತ್ತದೆ.

ಹೊರಗಿಣ್ಣು: ವಾಸಿಯಾಗದ ‘ಉಳುಕು’

ಕಾಲಿನ ವಿಷಯದಲ್ಲಿ ಅತಿ ಹೆಚ್ಚು ತಪ್ಪಿಹೋಗುವ ದೋಷ ಇದು. ಹೊರಗಿಣ್ಣಿನ ಹಿಂದಿನ ತೋಡಿನಲ್ಲಿ, ಪಾದವನ್ನು ಹೊರಕ್ಕೆ ತಿರುಗಿಸುವ ಪೆರೋನಿಯಸ್ ರಜ್ಜುಗಳೆರಡು ಇಳಿಯುತ್ತವೆ. ಗಿಣ್ಣಿನಿಂದ ಹಿಮ್ಮಡಿ ಮೂಳೆಗೆ ಹೋಗುವ ಮೇಲ್ಪಟ್ಟಿ ಅವನ್ನು ತೋಡಿನಲ್ಲಿ ಕೂರಿಸುತ್ತದೆ. ಕೆಳಗೆ ಹಿಮ್ಮಡಿ ಮೂಳೆಯ ಸಣ್ಣ ಉಬ್ಬೊಂದು ಅವನ್ನು ಬೇರ್ಪಡಿಸುತ್ತದೆ: ಮೇಲೆ ಬ್ರೆವಿಸ್, ಕೆಳಗೆ ಲಾಂಗಸ್. ಪಾದ ಮೇಲಕ್ಕೆ ಮಡಿಸಿಕೊಂಡ ಗಳಿಗೆಯಲ್ಲೇ ಈ ಸ್ನಾಯುಗಳು ಜೋರಾಗಿ ಸೆಟೆದರೆ ಮೇಲ್ಪಟ್ಟಿ ಗಿಣ್ಣಿನಿಂದ ಕಿತ್ತುಬರುತ್ತದೆ. ಹಿಮದ ಮೇಲೆ ಸ್ಕೀ ಮಾಡುವವರ ಗಾಯವೆಂದೇ ಇದು ಹೆಸರಾಗಿತ್ತು. ಓಡುತ್ತ ಗಕ್ಕನೆ ನಿಂತು ದಿಕ್ಕು ಬದಲಿಸುವ ಯಾವ ಆಟದಲ್ಲೂ ಆಗುತ್ತದೆ.

ಉಳುಕಿಗೂ ಇದಕ್ಕೂ ವ್ಯತ್ಯಾಸವನ್ನು ಒಂದು ಬೆರಳು ಹೇಳುತ್ತದೆ. ಪಾದ ಒಳಕ್ಕೆ ಮಗುಚಿ ಆದ ಉಳುಕಿನಲ್ಲಿ ನೋವು ಹೊರಗಿಣ್ಣಿನ ಮುಂದೆ ಮತ್ತು ಕೆಳಗೆ. ಪಟ್ಟಿ ಹರಿದಾಗ ನೋವು ಗಿಣ್ಣಿನ ಹಿಂದೆ. ಊತ ಎರಡರಲ್ಲೂ ಸುತ್ತಲೂ ಹರಡುವುದರಿಂದ ಕಣ್ಣನ್ನು ನಂಬಬೇಡಿ, ಬೆರಳನ್ನು ನಂಬಿ. ಆಮೇಲೆ ರೋಗಿಯನ್ನು ಬೋರಲಾಗಿ ಮಲಗಿಸಿ, ಮೊಣಕಾಲು 90 ಡಿಗ್ರಿ ಮಡಿಸಿ, ಪಾದದ ಹೊರ ಅಂಚನ್ನು ನಿಮ್ಮ ಕೈಗೆ ಎದುರಾಗಿ ಮೇಲಕ್ಕೂ ಹೊರಕ್ಕೂ ತಳ್ಳಿಸಿ. ಇನ್ನೊಂದು ಕೈಯ ಬೆರಳು ಗಿಣ್ಣಿನ ಹಿಂದಂಚಿನ ಮೇಲಿರಲಿ. ರಜ್ಜು ಬೆರಳ ಕೆಳಗೆ ಅಂಚು ಹತ್ತಿ ಇಳಿಯುವುದು ಗೊತ್ತಾಗುತ್ತದೆ. ಕೆಲವರಲ್ಲಿ ಚರ್ಮದಡಿ ಹಗ್ಗ ದಾಟಿದಂತೆ ಕಣ್ಣಿಗೇ ಕಾಣುತ್ತದೆ. ‘ನರದ ಮೇಲೆ ನರ ಹತ್ತುತ್ತೆ’ ಅನ್ನುವವರು ಕಂಡದ್ದನ್ನೇ ಹೇಳುತ್ತಿದ್ದಾರೆ. ಹೊಸ ಗಾಯದಲ್ಲಿ ನೋವಿಗೆ ಈ ಪರೀಕ್ಷೆ ಸಾಧ್ಯವಾಗದೆ ಹೋಗಬಹುದು. ಊತ ಇಳಿದ ಮೇಲೆ ಮತ್ತೊಮ್ಮೆ ಮಾಡಿ.

ಎಕ್ಸ್‌ರೇಯಲ್ಲಿ ಹೊರಗಿಣ್ಣಿನ ಪಕ್ಕ ಅಕ್ಕಿನುಚ್ಚಿನಂಥ ಮೂಳೆಚೂರು ಕಂಡರೆ ಪಟ್ಟಿ ತನ್ನ ಬೇರಿನೊಂದಿಗೆ ಕಿತ್ತಿದೆ ಎಂದೇ ಅರ್ಥ. ಪಾದವನ್ನು ಸ್ವಲ್ಪ ಒಳಕ್ಕೆ ತಿರುಗಿಸಿ ತೆಗೆದ ಚಿತ್ರದಲ್ಲಿ ಇದು ಚೆನ್ನಾಗಿ ಕಾಣುತ್ತದೆ. ಎಂಆರ್‌ಐ ರಜ್ಜುವಿನ ಸೀಳನ್ನು ತೋರಿಸುತ್ತದೆ. ಆದರೆ ಅದು ನಿಂತ ಚಿತ್ರ, ರಜ್ಜು ಆ ಹೊತ್ತಿಗೆ ತನ್ನ ಜಾಗದಲ್ಲೇ ಕೂತಿದ್ದರೆ ಜಾರುವಿಕೆ ತಪ್ಪಿಹೋಗುತ್ತದೆ. ಪಾದ ಆಡಿಸುತ್ತ ನೋಡುವ ಅಲ್ಟ್ರಾಸೌಂಡ್ ಅಗ್ಗ, ಮತ್ತು ಈ ಕೆಲಸಕ್ಕೆ ಅದೇ ಮೇಲು. ಟಕ್ ಸದ್ದಿದೆ, ರಜ್ಜು ಮಾತ್ರ ಗಿಣ್ಣಿನ ಮೇಲೆ ಬರುತ್ತಿಲ್ಲ ಅಂದರೆ ಪಟ್ಟಿ ಸರಿಯಿದ್ದು ಅದರಡಿಯಲ್ಲೇ ರಜ್ಜುಗಳೆರಡು ಜಾಗ ಅದಲುಬದಲು ಮಾಡಿಕೊಳ್ಳುತ್ತಿರಬಹುದು. ಇದೂ ಅಲ್ಟ್ರಾಸೌಂಡಿನಲ್ಲೇ ಸಿಗುವುದು.

ಮೊದಲ ದಿನಗಳಲ್ಲಿ ಪತ್ತೆಯಾದರೆ ಭಾರ ಹಾಕದೆ 6 ವಾರ ಪ್ಲಾಸ್ಟರ್. ಅಷ್ಟು ಮಾಡಿದರೂ ಸುಮಾರು ಅರ್ಧದಷ್ಟು ಜನರಲ್ಲಿ ಮತ್ತೆ ಜಾರುತ್ತದೆ. ಹಾಗಾಗಿ ಆಟಗಾರರಿಗೆ ನೇರ ಶಸ್ತ್ರಚಿಕಿತ್ಸೆ ಸೂಚಿಸುವುದುಂಟು. ಹಳೆಯದಾದರೆ ಪಟ್ಟಿಯನ್ನು ಮತ್ತೆ ಮೂಳೆಗೆ ಕಟ್ಟಿ, ತೋಡು ಚಪ್ಪಟೆಯಾಗಿದ್ದರೆ ಅದನ್ನೂ ಆಳ ಮಾಡುತ್ತಾರೆ. ತಡವಾದಷ್ಟೂ ಬ್ರೆವಿಸ್ ರಜ್ಜು ಗಿಣ್ಣಿನ ಅಂಚಿಗೆ ಉಜ್ಜಿ ಉದ್ದಕ್ಕೆ ಸೀಳುತ್ತದೆ. ಉಳುಕು ತೆಗೆಯಲೆಂದು ಎಣ್ಣೆ ಹಚ್ಚಿ ಗಿಣ್ಣಿನ ಹಿಂದೆ ನೀವಿ ಎಳೆಯುವುದು ಇಲ್ಲಿ ಮಾಡುವುದು ಇದನ್ನೇ: ಹರಿದ ಪಟ್ಟಿಯ ಮೇಲಿಂದ ರಜ್ಜುವನ್ನು ಮತ್ತೆ ಮತ್ತೆ ದಾಟಿಸುವುದು.

ಮುಂದೆ: ಶೂ ದಾರದ ಕಾಟ

ಕಾಲ್ಗಿಣ್ಣಿನ ಮುಂಭಾಗದಲ್ಲಿ ಎರಡು ಪಟ್ಟಿ. ಗಿಣ್ಣುಗಳಿಗಿಂತ ಮೇಲೊಂದು, ಕೆಳಗೆ ವೈ ಆಕಾರದ್ದೊಂದು. ಆಳದ ಪೆರೋನಿಯಲ್ ನರ ಕೆಳಪಟ್ಟಿಯ ಅಡಿಯಿಂದ ಹೋಗಿ ಹೆಬ್ಬೆಟ್ಟು ಮತ್ತು ಪಕ್ಕದ ಬೆರಳಿನ ಸಂದಿಗೆ ಮಾತ್ರ ಸ್ಪರ್ಶ ಕೊಡುತ್ತದೆ. ಆ ಸಂದಿಯೊಂದೇ ಜೋಮಾಗಿದ್ದರೆ ಶೂ ಬಿಚ್ಚಿಸಿ, ದಾರವನ್ನು ನೋಯುವ ಜಾಗದ ಮೇಲೆ ಅಡ್ಡ ಹಾಯದಂತೆ ಎರಡು ರಂಧ್ರ ಬಿಟ್ಟು ಕಟ್ಟಿಸಿ. ಎಷ್ಟೋ ಜನಕ್ಕೆ ಚಿಕಿತ್ಸೆ ಅಷ್ಟೇ. ಪಾದದ ಮೇಲ್ಭಾಗದ ಉಳಿದ ಚರ್ಮ ಜೋಮಾದರೆ ದೋಷ ಪಟ್ಟಿಯದಲ್ಲ, ಅಲ್ಲಿನ ನರ ಪಟ್ಟಿಯ ಮೇಲಿಂದ ಬರುತ್ತದೆ. ಪಾದ ಎತ್ತಲಾಗದೆ ನಡೆಯುವಾಗ ಪಟಪಟ ಬಡಿಯುತ್ತಿದ್ದರೆ ಮೊಣಕಾಲಿನ ಹೊರಬದಿ ನೋಡಿ. ಬಹಳ ಹೊತ್ತು ವಜ್ರಾಸನದಲ್ಲಿ ಕೂತು ಅಲ್ಲಿ ನರ ಒತ್ತಿಸಿಕೊಂಡವರೂ ಇದ್ದಾರೆ.

ಒಳಗಿಣ್ಣು: ಉರಿಯುವ ಅಂಗಾಲು

ಒಳಗಿಣ್ಣಿನಿಂದ ಹಿಮ್ಮಡಿಗೆ ಹಾಸಿದ ಪಟ್ಟಿಯ ಕೆಳಗೆ ಮುಂದಿನಿಂದ ಹಿಂದಕ್ಕೆ ಪಾದವನ್ನು ಒಳಕ್ಕೆ ತಿರುಗಿಸುವ ಟಿಬಿಯಾಲಿಸ್ ಪೋಸ್ಟೀರಿಯರ್ ರಜ್ಜು, ಬೆರಳು ಮಡಿಸುವ ರಜ್ಜು, ರಕ್ತನಾಳಗಳು, ಟಿಬಿಯಲ್ ನರ, ಕೊನೆಗೆ ಹೆಬ್ಬೆಟ್ಟು ಮಡಿಸುವ ರಜ್ಜು. ನರ ಇಕ್ಕಟ್ಟಿಗೆ ಸಿಕ್ಕರೆ ಅಂಗಾಲು ಉರಿ, ನಿಂತಷ್ಟೂ ಜಾಸ್ತಿ, ರಾತ್ರಿಯೂ ಬಿಡದು. ಬೆಳಗ್ಗೆ ಮೊದಲ ಹೆಜ್ಜೆಗೆ ಚುಚ್ಚಿ ಆಮೇಲೆ ಸಡಿಲವಾಗುವ ಹಿಮ್ಮಡಿ ನೋವು ಇದಲ್ಲ. ಪಾದವನ್ನು ಮೇಲಕ್ಕೂ ಹೊರಕ್ಕೂ ತಿರುಗಿಸಿ 5–10 ಸೆಕೆಂಡು ಹಿಡಿದು, ಗಿಣ್ಣಿನ ಹಿಂದೆ ಬೆರಳಿನಿಂದ ತಟ್ಟಿ. ಅಂಗಾಲಿಗೆ ಝುಂ ಎಂದು ಹರಿದರೆ ಜಾಗ ಸಿಕ್ಕಿತು. ಹಿಮ್ಮಡಿಯ ಚರ್ಮದ ಕವಲು ಮೇಲೆಯೇ ಬೇರೆಯಾಗಿರಬಹುದಾದ್ದರಿಂದ ಹಿಮ್ಮಡಿ ಚುರುಕಾಗಿದೆ ಎಂದು ರೋಗವನ್ನು ತಳ್ಳಿಹಾಕಬೇಡಿ. ಇಲ್ಲಿ ಪಟ್ಟಿ ತಾನಾಗಿ ದಪ್ಪವಾಗುವುದಕ್ಕಿಂತ ಅದರಡಿ ಏನೋ ಜಾಗ ತಿಂದಿರುವುದು ಹೆಚ್ಚು. ನೀರುಗುಳ್ಳೆ, ಉಬ್ಬಿದ ರಕ್ತನಾಳ, ಚಪ್ಪಟೆ ಪಾದ ಹುಡುಕಿ. ಎರಡೂ ಪಾದ ಒಂದೇ ಸಮ ಉರಿದರೆ ಮೊದಲು ಮಧುಮೇಹ ಇದೆಯೇ ನೋಡಿ.

ಟಿಬಿಯಲ್ ನರವನ್ನು ಗಿಣ್ಣಿನ ಹಿಂದೆ ಬೆರಳಿನಲ್ಲಿ ಉರುಳಿಸಿ ನೋಡುವುದನ್ನು ಯಾವ ಕಾರಣಕ್ಕೂ ಬಿಡಬೇಡಿ. ಅದು ಹಗ್ಗದಂತೆ ದಪ್ಪವಾಗಿ ಸಿಕ್ಕರೆ ಮೊಣಕೈ ಒಳಬದಿಯ ಅಲ್ನಾರ್ ನರವನ್ನೂ ಮುಟ್ಟಿ, ಬೆನ್ನು ತೊಡೆಗಳಲ್ಲಿ ಸ್ಪರ್ಶವಿಲ್ಲದ ಮಚ್ಚೆ ಇದೆಯೇ ನೋಡಿ. ಕುಷ್ಠ ಮುಗಿದುಹೋದ ಕಾಯಿಲೆಯಲ್ಲ, ಮತ್ತು ಅದಕ್ಕೆ ಈ ನರವೆಂದರೆ ಇಷ್ಟ. ಅಂಥವರಲ್ಲಿ ಪಟ್ಟಿ ಬಿಡಿಸುವ ಮಾತು ಆಮೇಲೆ. ಮೊದಲು ಎಂಡಿಟಿ (ಕುಷ್ಠದ ಬಹುಔಷಧ ಚಿಕಿತ್ಸೆ) ಮಾತ್ರೆಗಳು, ಸರ್ಕಾರಿ ಆಸ್ಪತ್ರೆಯಲ್ಲಿ ಅವು ಉಚಿತ. ಜೊತೆಗೆ ಅದೇ ದಿನ ಅಂಗಾಲಿನಲ್ಲಿ ಗಾಯವಿದೆಯೇ ಎಂದು ನೋಡಿ, ಮೆತ್ತನೆಯ ಅಡಿಯ ಚಪ್ಪಲಿ ಹಾಕಿಸಿ.